ಸಿಲ್ಮರಿಲಿಯನ್ ಓದಿದವರ ಜಾಡಿನಲ್ಲಿ

ಸಾಹಿತಿಗಳ ಮನೆ ನೋಡಲೆಂದೇ ಊರೂರು ಸುತ್ತುವವರಿದ್ದಾರೆ. ನಾನು ಆಕ್ಸ್‌ಫರ್ಡಿಗೆ ಹೋದದ್ದು ಓದುಗರನ್ನು ನೋಡಲು. ಅದೂ ಒಂದೇ ಒಂದು ಪುಸ್ತಕದ ಓದುಗರನ್ನು. ಪುಸ್ತಕದ ಹೆಸರು ‘ಸಿಲ್ಮರಿಲಿಯನ್’, ಬರೆದವರು ಜೆ.ಆರ್.ಆರ್. ಟೋಲ್ಕೀನ್. ಬರೆದು ಮುಗಿಸಿದರು ಎನ್ನುವಂತಿಲ್ಲ. ಮೊದಲ ಮಹಾಯುದ್ಧದ ನಡುವೆ ಹಿಡಿದ ಕೆಲಸ, 1973ರಲ್ಲಿ ಅವರು ತೀರಿಕೊಂಡಾಗಲೂ ಹಾಳೆಗಳ ರಾಶಿಯಾಗಿಯೇ ಇತ್ತು. ಮಗ ಕ್ರಿಸ್ಟೋಫರ್ ಅದನ್ನೆಲ್ಲ ಜೋಡಿಸಿ 1977ರ ಸೆಪ್ಟೆಂಬರ್‌ನಲ್ಲಿ ಹೊರತಂದರು.

‘ಲಾರ್ಡ್ ಆಫ್ ದಿ ರಿಂಗ್ಸ್’ ಸಿನಿಮಾ ನೋಡಿದ ಹುರುಪಿನಲ್ಲಿ ಇದನ್ನು ಕೈಗೆತ್ತಿಕೊಂಡವರು ಕಂಗಾಲಾಗುತ್ತಾರೆ. ಹಾಬಿಟ್‌ಗಳ ತುಂಟತನ, ಚಹಾ, ತಿಂಡಿ, ಪೈಪಿನ ಹೊಗೆ ಯಾವುದೂ ಇಲ್ಲಿಲ್ಲ. ಕಥೆ ಶುರುವಾಗುವುದು ಸೃಷ್ಟಿಯಿಂದ. ಪರಮಾತ್ಮನೆದುರು ದೇವಗಣ ಹಾಡುತ್ತದೆ, ಆ ಹಾಡೇ ಜಗತ್ತಾಗುತ್ತದೆ, ಆದರೆ ಹಾಡುವವರಲ್ಲಿ ಒಬ್ಬ ಬೇಕೆಂದೇ ಶ್ರುತಿ ಕೆಡಿಸುತ್ತಾನೆ. ಆಮೇಲಿನದೆಲ್ಲ ಆ ಅಪಶ್ರುತಿಯ ಫಲ. ಬೆಳಕು ಸುರಿಸುವ ಎರಡು ಮರಗಳು ಸಾಯುತ್ತವೆ. ಆ ಬೆಳಕನ್ನು ಹಿಡಿದಿಟ್ಟ ಮೂರು ರತ್ನಗಳು ಕಳುವಾಗುತ್ತವೆ. ರತ್ನ ಮಾಡಿದ ಫೆಯನೋರ್ ಮತ್ತು ಅವನ ಏಳು ಮಕ್ಕಳು ಭಯಂಕರ ಶಪಥ ತೊಡುತ್ತಾರೆ, ಹಡಗುಗಳಿಗಾಗಿ ಸ್ವಂತ ಕುಲದವರನ್ನೇ ಕೊಲ್ಲುತ್ತಾರೆ. ಟೂರಿನ್ ಎಂಬ ವೀರನಿದ್ದಾನೆ. ಕತ್ತಲಲ್ಲಿ ಶತ್ರುವೆಂದು ತಿಳಿದು ಪ್ರಾಣಸ್ನೇಹಿತನನ್ನು ಕೊಲ್ಲುತ್ತಾನೆ, ಗುರುತು ಅರಿಯದೆ ಒಡಹುಟ್ಟಿದ ತಂಗಿಯನ್ನೇ ಮದುವೆಯಾಗುತ್ತಾನೆ, ಗೊತ್ತಾದ ದಿನ ಕತ್ತಿಯ ಮೇಲೆ ಬೀಳುತ್ತಾನೆ. ಇದನ್ನೆಲ್ಲ ಅವನ ತಂದೆ, ಬೆಟ್ಟದ ನೆತ್ತಿಯಲ್ಲಿ ಕಲ್ಲಿನ ಪೀಠಕ್ಕೆ ಬಂದಿಯಾಗಿ, ಶತ್ರುವಿನ ಕಣ್ಣಿನಿಂದಲೇ ನೋಡುತ್ತ ಕೂರಬೇಕು. ಇದಿಷ್ಟೂ ಸಾಲದೆಂಬಂತೆ ಹೆಸರುಗಳ ಕಾಟ: ಫಿನ್ವೆ, ಫಿಂಗೋಲ್ಫಿನ್, ಫಿನಾರ್ಫಿನ್, ಫಿಂಗೋನ್, ಫಿನ್‌ರೋಡ್. ಇವರೆಲ್ಲ ಒಂದೇ ಮನೆಯವರು.

ರೆಡಿಂಗ್‌ನಲ್ಲಿ ಕೆಲಸದಲ್ಲಿರುವ ನನ್ನ ತಂಗಿಯ ಮಗಳು ಈ ಮನೆತನದ ವಂಶವೃಕ್ಷವನ್ನು ಬೀರುವಿನ ಬಾಗಿಲಿಗೆ ಅಂಟಿಸಿಕೊಂಡಿದ್ದಾಳೆ. ನಮ್ಮ ಸ್ವಂತ ಮನೆತನದಲ್ಲಿ ಮುತ್ತಜ್ಜನ ಹೆಸರು ಕೇಳಿದರೆ ಅಮ್ಮನಿಗೆ ಫೋನು ಹಚ್ಚುವ ಹುಡುಗಿ ಇವಳು. ಪುಸ್ತಕ ನನ್ನ ಕೈಗಿಟ್ಟು, “ಮಾಮ, ಐವತ್ತು ಪುಟ ದಾಟಿಬಿಡಿ, ಆಮೇಲೆ ಅದೇ ನಿಮ್ಮನ್ನು ಎಳ್ಕೊಂಡು ಹೋಗುತ್ತೆ” ಎಂದಿದ್ದಳು. ನನಗೆ ಆ ಐವತ್ತು ಪುಟ ಅಂಥ ಕಷ್ಟವೇನೂ ಆಗಲಿಲ್ಲ. ವಂಶಾವಳಿ, ಉಪಕಥೆ, ಶಾಪ, ಶಪಥ, ಒಬ್ಬನಿಗೆ ನಾಲ್ಕು ಹೆಸರು, ಇವೆಲ್ಲ ಭಾರತ ಕೇಳುತ್ತ ಬೆಳೆದವರಿಗೆ ಮನೆಯ ಹಿತ್ತಿಲಿದ್ದ ಹಾಗೆ. ಫಿಂಗೋಲ್ಫಿನ್ ಒಬ್ಬನೇ ಕುದುರೆಯೇರಿ ಶತ್ರುವಿನ ಕೋಟೆಬಾಗಿಲಿಗೆ ಹೋಗಿ, ಒಳಗೆ ಅಡಗಿದವನನ್ನು ಹೆಸರು ಹಿಡಿದು ಕೂಗಿ ಹೊರಗೆಳೆಯುವಾಗ ನನಗೆ ರನ್ನನ ಭೀಮ ನೆನಪಾದ. ವ್ಯತ್ಯಾಸವಿಷ್ಟೇ, ಇಲ್ಲಿ ಕೂಗಿದವನೇ ಸಾಯುತ್ತಾನೆ. ಆದರೂ ಏಳು ಗಾಯ ಮಾಡಿಯೇ ಸಾಯುತ್ತಾನೆ.

ನನ್ನನ್ನು ಹೊರಡಿಸಿದ್ದು ಪುಸ್ತಕಕ್ಕಿಂತ ಹೆಚ್ಚಾಗಿ ಆ ವಂಶವೃಕ್ಷ. ಒಂದು ಕಾದಂಬರಿ ಓದಿ ಚೆನ್ನಾಗಿದೆ ಅನ್ನಬಹುದು, ಚೆನ್ನಾಗಿಲ್ಲ ಅನ್ನಬಹುದು. ಬೀರು ತುಂಬ ವಂಶವೃಕ್ಷ ಬರೆಯುವುದು ಯಾವ ಬಗೆಯ ಪ್ರತಿಕ್ರಿಯೆ? ಇಂಥವರು ಇನ್ನೂ ಇದ್ದಾರೆಯೇ ಎಂದು ಕೇಳಿದೆ. ಅವಳು ನಕ್ಕು, ಸೆಪ್ಟೆಂಬರ್‌ವರೆಗೆ ಕಾಯಿರಿ ಎಂದಳು. 1969ರಲ್ಲಿ ಹುಟ್ಟಿದ ಟೋಲ್ಕೀನ್ ಸೊಸೈಟಿ ಎಂಬ ಓದುಗರ ಸಂಘ 1974ರಿಂದ ಆಕ್ಸ್‌ಫರ್ಡಿನಲ್ಲಿ ‘ಆಕ್ಸನ್‌ಮೂಟ್’ ಎಂಬ ಕೂಟ ನಡೆಸುತ್ತದೆ. ಕೂಟ ಮುಗಿಯುವುದು ಭಾನುವಾರ, ಟೋಲ್ಕೀನ್ ಸಮಾಧಿಯಿರುವ ವುಲ್ವರ್‌ಕೋಟ್ ಸ್ಮಶಾನದಲ್ಲಿ.

ರೆಡಿಂಗ್‌ನಿಂದ ಆಕ್ಸ್‌ಫರ್ಡಿಗೆ ರೈಲಿನಲ್ಲಿ ಅರ್ಧ ಗಂಟೆಯ ದಾರಿ. ಸ್ಮಶಾನಕ್ಕೆ ಇನ್ನೂ ಒಂದು ಹಗಲು ಬಾಕಿ ಇದ್ದುದರಿಂದ, ಈ ಪುಸ್ತಕ ಅಚ್ಚಾಗುವ ಮೊದಲೇ ಅದನ್ನು ಕೇಳಿದವರು, ಓದಿದವರು ಎಲ್ಲೆಲ್ಲಿದ್ದರೋ ಆ ಜಾಗಗಳನ್ನು ನೋಡುವುದೆಂದು ತೀರ್ಮಾನವಾಯಿತು. ಮಾರ್ಗ ಹಾಕಿದವಳು ಸೊಸೆ. ನಾನು ಹಿಂದೆ ಹಿಂದೆ.

ಮೊದಲು ಟರ್ಲ್ ಬೀದಿಯ ಎಕ್ಸೆಟರ್ ಕಾಲೇಜು. ಬೀದಿ ಎಷ್ಟು ಕಿರಿದೆಂದರೆ ಎದುರಿಂದ ಸೈಕಲ್ ಬಂದರೆ ಗೋಡೆಗೆ ಒತ್ತಿಕೊಳ್ಳಬೇಕು. ಒಳಗೆ ಕಾಲಿಟ್ಟರೆ ಹಸಿರು ಹುಲ್ಲಿನ ಚೌಕ, ಅದರ ಪಕ್ಕದಲ್ಲೇ ಕಾಲೇಜಿನ ಅಳತೆಗೆ ಮೀರಿದ ಎತ್ತರದ ಪ್ರಾರ್ಥನಾಮಂದಿರ. ಟೋಲ್ಕೀನ್ 1911ರಿಂದ 1915ರವರೆಗೆ ಓದಿದ್ದು ಇಲ್ಲಿ. ಮಂದಿರದಲ್ಲಿ ಅವರ ಮಗನ ಹೆಂಡತಿಯೇ ಮಾಡಿದ ಎದೆಮಟ್ಟದ ಪ್ರತಿಮೆ ಇದೆ. ಮುಖದಲ್ಲಿ ಗಾಂಭೀರ್ಯಕ್ಕಿಂತ ಚೇಷ್ಟೆ ಹೆಚ್ಚು.

ನಾನು ಹುಡುಕಿ ಬಂದದ್ದು 1920ರ ಮಾರ್ಚ್‌ನ ಒಂದು ಸಂಜೆಯನ್ನು. ಅಂದು ಈ ಕಾಲೇಜಿನ ಪ್ರಬಂಧ ಸಂಘದಲ್ಲಿ ಟೋಲ್ಕೀನ್ ‘ಗೊಂಡೊಲಿನ್ನಿನ ಪತನ’ ಎಂಬ ಕಥೆಯನ್ನು ಗಟ್ಟಿಯಾಗಿ ಓದಿದರು. 1916ರಲ್ಲಿ ಸೊಮ್ಮ್ ಕದನರಂಗದಿಂದ ಕಂದಕಜ್ವರ ಹತ್ತಿಸಿಕೊಂಡು ಮರಳಿದವರು, ಆಸ್ಪತ್ರೆ, ವಿಶ್ರಾಂತಿಯ ದಿನಗಳಲ್ಲಿ ಬರೆಯಲಾರಂಭಿಸಿದ್ದ ಕಥೆ ಅದು. ಬೆಟ್ಟಗಳ ನಡುವೆ ಅಡಗಿದ ಚೆಲುವಾದ ನಗರ, ದ್ರೋಹ, ಬೆಂಕಿ. ಆ ಮೊದಲ ರೂಪದಲ್ಲಿ ನಗರದ ಮೇಲೆ ತೆವಳಿಕೊಂಡು ಬರುವ ಡ್ರ್ಯಾಗನ್‌ಗಳಲ್ಲಿ ಕೆಲವು ಲೋಹದವು, ಅವುಗಳ ಹೊಟ್ಟೆಯೊಳಗೆ ಶತ್ರು ಸೈನಿಕರು! 1916ರ ಸೆಪ್ಟೆಂಬರ್‌ನಲ್ಲಿ ಜಗತ್ತಿನ ಮೊದಲ ಟ್ಯಾಂಕುಗಳು ಉರುಳಿದ್ದು ಅದೇ ಸೊಮ್ಮ್‌ನಲ್ಲಿ. ಕೇಳುತ್ತ ಕೂತವರಲ್ಲಿ ನೆವಿಲ್ ಕಾಗಿಲ್ ಇದ್ದರು, ಹ್ಯೂಗೊ ಡೈಸನ್ ಇದ್ದರು. ಡೈಸನ್ ಪಾಶೆಂಡೇಲ್ ಯುದ್ಧದಲ್ಲಿ ಸಾವಿನಂಚಿಗೆ ಹೋಗಿ ಬಂದವರು. ಯಕ್ಷಿಣಿಯ ಕಥೆ ಎಂದು ನಾವು ಕರೆದುಬಿಡುವುದನ್ನು ಅವರು ಹೇಗೆ ಕೇಳಿರಬಹುದು? ಆ ಕೋಣೆಯಲ್ಲಿದ್ದವರಿಗೆ ‘ಕರಾಳ’ ಎಂದರೇನೆಂದು ಯಾರೂ ವಿವರಿಸಬೇಕಾಗಿರಲಿಲ್ಲ. ನಾನು ಆ ಹುಲ್ಲಿನ ಚೌಕದ ಅಂಚಿನಲ್ಲಿ ನಿಂತು ಸುತ್ತಲಿನ ಕಿಟಕಿಗಳನ್ನು ಒಂದೊಂದಾಗಿ ನೋಡಿದೆ. ಯಾವ ಕಿಟಕಿಯ ಹಿಂದೆ ಆ ಕಥೆ ಮೊದಲ ಸಲ ಒಂದು ಸಭೆಯ ಕಿವಿಗೆ ಬಿದ್ದಿತ್ತೋ! ಮೈ ಜುಂ ಎಂದಿತು.

ಸಭೆಗಿಂತ ಮುಂಚೆ ಓದಿದವರು ಹೆಂಡತಿ ಎಡಿತ್. 1917ರಲ್ಲಿ ಗಂಡನ ಕಥೆಯೊಂದನ್ನು ನೋಟುಪುಸ್ತಕಕ್ಕೆ ತಮ್ಮ ಕೈಬರಹದಲ್ಲಿ ಇಳಿಸಿಕೊಟ್ಟವರು ಆಕೆ. ಅವರ ವಿಷಯ ಮುಂದೆ ಬರುತ್ತದೆ.

ಹೈ ಸ್ಟ್ರೀಟ್ ಹಿಡಿದು ಪೂರ್ವಕ್ಕೆ ನಡೆದರೆ ಮಾಡ್ಲಿನ್ ಕಾಲೇಜು. ಒಳಗೆ ಜಿಂಕೆಗಳ ಹಿಂಡು ಸಾಕಿದ್ದಾರೆ. ನಮ್ಮ ವಿಶ್ವವಿದ್ಯಾಲಯಗಳಲ್ಲಿ ನವಿಲು ತಾನಾಗಿ ಬರುತ್ತದೆ, ಇಲ್ಲಿ ಜಿಂಕೆಗೂ ಕಾಲೇಜಿನ ಲೆಕ್ಕಪುಸ್ತಕದಲ್ಲಿ ಜಾಗವಿದೆ. ಆ ಜಿಂಕೆವನಕ್ಕೆ ಮುಖ ಮಾಡಿದ ‘ಹೊಸ ಕಟ್ಟಡ’ ಹದಿನೆಂಟನೆಯ ಶತಮಾನದ್ದು. ಅದರಲ್ಲಿ ಟೋಲ್ಕೀನ್ ಸ್ನೇಹಿತ ಸಿ.ಎಸ್. ಲೂಯಿಸ್ ಅವರ ಕೋಣೆಗಳಿದ್ದವು. 1929ರ ಡಿಸೆಂಬರ್‌ನಲ್ಲಿ ಟೋಲ್ಕೀನ್ ತಾವು ಬರೆಯುತ್ತಿದ್ದ ದೀರ್ಘ ಕಥನಕಾವ್ಯವನ್ನು ಲೂಯಿಸ್ ಕೈಗಿಟ್ಟರು. ಮನುಷ್ಯನಾದ ಬೆರೆನ್, ಸಾವಿಲ್ಲದ ಕುಲದ ಲೂಥಿಯನ್ ಪರಸ್ಪರ ಒಲಿದು, ಮದುವೆಯ ಪಣವಾಗಿ ಶತ್ರುವಿನ ಕಿರೀಟದಿಂದ ಒಂದು ರತ್ನ ಕಿತ್ತು ತರುವ ಕಥೆ. ಲೂಯಿಸ್ ರಾತ್ರಿ ಹೊತ್ತು ಮೀರಿ ಓದಿದರು, ಮರುದಿನವೇ ಸಂತೋಷ ತಡೆಯಲಾರದೆ ಪತ್ರ ಬರೆದರು.

ಆಮೇಲೆ ಅವರು ಮಾಡಿದ ಕೆಲಸ ಕೇಳಿ. ಸ್ನೇಹಿತನ ಪದ್ಯದಲ್ಲಿ ಕೆಲವು ಸಾಲು ಅವರಿಗೆ ಹಿಡಿಸಿರಲಿಲ್ಲ. ಅದನ್ನು ನೇರವಾಗಿ ಹೇಳಲಿಲ್ಲ. ಆ ಕಾವ್ಯ ಯಾವುದೋ ಪುರಾತನ ಹಸ್ತಪ್ರತಿಯಲ್ಲಿ ಸಿಕ್ಕಿದೆ, ಅದರ ಮೇಲೆ ಪಂಡಿತರು ಜಗಳವಾಡುತ್ತಿದ್ದಾರೆ ಎಂದು ನಟಿಸಿ ಒಂದು ಟೀಕೆಯನ್ನೇ ಬರೆದರು. ಪಂಡಿತರ ಹೆಸರುಗಳೂ ತಮಾಷೆಯವು. ಅವರಲ್ಲೊಬ್ಬ ಪಂಪರ್‌ನಿಕಲ್, ಅಂದರೆ ಜರ್ಮನಿಯ ಕಪ್ಪು ರೊಟ್ಟಿ. ಇಷ್ಟವಾಗದ ಸಾಲು ಬಂದಾಗ ಒಬ್ಬ ಪಂಡಿತ ಎದ್ದು, ಇದು ಮೂಲಕವಿಯದಲ್ಲ, ಲಿಪಿಕಾರ ಸೇರಿಸಿದ್ದು ಎನ್ನುತ್ತಾನೆ. ಕುಮಾರವ್ಯಾಸನ ಪಾಠಾಂತರ, ಪ್ರಕ್ಷಿಪ್ತಗಳ ವಾಗ್ವಾದ ಓದಿದ ನನಗೆ ದಾರಿಯಲ್ಲೇ ನಗು ತಡೆಯಲಾಗಲಿಲ್ಲ. ಪ್ರಕ್ಷಿಪ್ತವೆಂಬ ವಾದವನ್ನು ಬದುಕಿರುವ ಕವಿಯ ಮುಖಕ್ಕೇ, ಅವನ ಮನಸ್ಸು ನೋಯದ ಹಾಗೆ ಬಳಸಿದವರು ಇನ್ನೊಬ್ಬರಿದ್ದಾರೋ ನಾನರಿಯೆ. ಟೋಲ್ಕೀನ್ ಹಟಮಾರಿ ಎಂದು ಹೆಸರಾದವರು. ಆದರೂ ಲೂಯಿಸ್ ಬೆರಳಿಟ್ಟ ಸಾಲುಗಳನ್ನು ಬಹುಪಾಲು ತಿದ್ದಿಕೊಂಡರು. ವಿಮರ್ಶಕನೊಬ್ಬ ಲೇಖಕನ ಲೋಕದೊಳಗೇ ಹೊಕ್ಕು, ಅಲ್ಲಿಯದೇ ಒಂದು ಪಾತ್ರವಾಗಿ ಮಾತಾಡಿದ ಹಾಗಾಯಿತು. ಬೀರುವಿನ ಬಾಗಿಲಿನ ವಂಶವೃಕ್ಷಕ್ಕೂ ಈ ಟೀಕೆಗೂ ನೆಂಟಸ್ತಿಕೆ ಇದೆ ಎಂದು ನನಗೆ ಹೊಳೆದದ್ದು ಅಲ್ಲೇ, ಜಿಂಕೆಗಳನ್ನು ನೋಡುತ್ತ ನಿಂತಾಗ. ಈ ಪುಸ್ತಕ ಹಿಡಿದವರು ಬರೀ ಅಭಿಪ್ರಾಯ ಹೇಳಿ ಸುಮ್ಮನಾಗುವುದಿಲ್ಲ, ಏನೋ ಒಂದು ಕೆಲಸಕ್ಕೆ ಕೈ ಹಾಕುತ್ತಾರೆ.

ಸೇಂಟ್ ಜೈಲ್ಸ್ ಬೀದಿಯ ‘ಈಗಲ್ ಅಂಡ್ ಚೈಲ್ಡ್’ ಪಬ್ಬನ್ನು ಹೊರಗಿನಿಂದ ನೋಡಿದೆವು. ಟೋಲ್ಕೀನ್, ಲೂಯಿಸ್ ಬಳಗ ಮಂಗಳವಾರಗಳಂದು ಸೇರುತ್ತಿದ್ದ ಜಾಗ, 2020ರಲ್ಲಿ ಮುಚ್ಚಿತು. ಅದರೆದುರು ಫೋಟೊ ತೆಗೆಸಿಕೊಳ್ಳುವವರ ಸಾಲೇನೂ ಕಮ್ಮಿಯಾಗಿಲ್ಲ.

ಅಲ್ಲಿಂದ ಉತ್ತರಕ್ಕೆ ನಡೆದರೆ ಇಟ್ಟಿಗೆ ಮನೆಗಳ, ದೊಡ್ಡ ಮರಗಳ ಶಾಂತ ಬಡಾವಣೆ. ನಾರ್ತ್‌ಮೂರ್ ರಸ್ತೆಯ 20ನೇ ನಂಬರಿನ ಮನೆಗೆ ನೀಲಿ ಫಲಕ ಹಾಕಿದ್ದಾರೆ. ಟೋಲ್ಕೀನ್ ಕುಟುಂಬ 1930ರಿಂದ 1947ರವರೆಗೆ ಇದ್ದ ಮನೆ. ಈಗ ಬೇರೆಯವರದ್ದು, ಹಾಗಾಗಿ ಫುಟ್‌ಪಾತ್‌ನಲ್ಲಿ ನಿಂತೇ ಕಣ್ತುಂಬಿಕೊಳ್ಳಬೇಕು. ಈ ಮನೆಯಿಂದ 1937ರ ನವೆಂಬರ್‌ನಲ್ಲಿ ಒಂದು ಕಟ್ಟು ಲಂಡನ್ನಿನ ಪ್ರಕಾಶಕರ ಕೈ ಸೇರಿತು. ‘ಹಾಬಿಟ್’ ಆಗಷ್ಟೇ ಬಂದು ಗೆದ್ದಿತ್ತು, ಇನ್ನೊಂದು ಕೊಡಿ ಎಂದು ಪ್ರಕಾಶಕ ಸ್ಟ್ಯಾನ್ಲಿ ಅನ್ವಿನ್ ಕೇಳಿದ್ದರು. ಟೋಲ್ಕೀನ್ ತಮಗೆ ಎಲ್ಲಕ್ಕಿಂತ ಪ್ರಿಯವಾದ ಸಿಲ್ಮರಿಲಿಯನ್ ಹಾಳೆಗಳನ್ನೇ ಕೊಟ್ಟರು.

ಮುಂದೆ ನಡೆದದ್ದು ಪ್ರಕಾಶನದ ಇತಿಹಾಸದಲ್ಲೇ ವಿಚಿತ್ರ. ಪ್ರಕಾಶಕರ ಪರಿಶೀಲಕರ ಕೈಗೆ ಹೋದದ್ದು ಬೆರೆನ್-ಲೂಥಿಯನ್ ಕಾವ್ಯ ಮತ್ತು ಅದಕ್ಕೆ ಸೇರಿದ ಗದ್ಯದ ಕೆಲವು ಪುಟ ಮಾತ್ರ. ಅವರಿಗೆ ಇದು ಟೋಲ್ಕೀನ್ ಹುಟ್ಟಿಸಿದ ಕಥೆಯೋ, ನಿಜವಾದ ಹಳೆಯ ಕೆಲ್ಟಿಕ್ ಗಾಥೆಯೋ ಎಂಬುದೇ ಬಗೆಹರಿಯಲಿಲ್ಲ. ಪದ್ಯ ಹಿಡಿಸಲಿಲ್ಲ, ಗದ್ಯ ಹಿಡಿಸಿತು, ಹೆಸರುಗಳಂತೂ ಕಣ್ಣಿಗೆ ಹೊಡೆದವು. ಅನ್ವಿನ್ ಗದ್ಯದ ಹೊಗಳಿಕೆಯನ್ನು ಮುಂದಿಟ್ಟು, ನಯವಾದ ಪತ್ರದೊಂದಿಗೆ ಕಟ್ಟನ್ನು ಹಿಂದಿರುಗಿಸಿದರು. ಟೋಲ್ಕೀನ್, ಪ್ರಕಾಶಕರು ತಮ್ಮ ಇಡೀ ಸಿಲ್ಮರಿಲಿಯನ್ನನ್ನು ಓದಿ, ತಿರಸ್ಕಾರವಿಲ್ಲದೆ ಮರಳಿಸಿದ್ದಾರೆಂದು ನಂಬಿ ಖುಷಿಪಟ್ಟರು. ನಿಜದಲ್ಲಿ ಅದರ ಮುಖ್ಯಭಾಗವನ್ನು ಅಲ್ಲಿ ಯಾರೂ ಓದಿಯೇ ಇರಲಿಲ್ಲ! ಅದೇ ಡಿಸೆಂಬರ್‌ನಲ್ಲಿ, ಸರಿ, ಹಾಬಿಟ್‌ಗಳದ್ದೇ ಇನ್ನೊಂದು ಕಥೆ ಬರೆಯೋಣವೆಂದು ಕೂತರು. ಅದು ಬೆಳೆದು ‘ಲಾರ್ಡ್ ಆಫ್ ದಿ ರಿಂಗ್ಸ್’ ಆಯಿತು. ಸರಿಯಾಗಿ ಓದದ ಓದುಗನೊಬ್ಬನ ದೆಸೆಯಿಂದ ಇಷ್ಟು ದೊಡ್ಡ ಲಾಭ ಲೋಕಕ್ಕೆ ಇನ್ನೆಲ್ಲಾದರೂ ಆಗಿದೆಯೇ? ಆ ಮನೆಯ ಬೇಲಿಯ ಹೊರಗೆ ನಿಂತು ಸೊಸೆಗೂ ನನಗೂ ಇದೇ ಚರ್ಚೆ. ಪೂರ್ತಿ ಓದಿ ಒಪ್ಪಿಬಿಟ್ಟಿದ್ದರೆ ನಮಗೆ ಫ್ರೋಡೋ ಸಿಗುತ್ತಿರಲಿಲ್ಲ ಎಂದು ನಾನು. “ಆದರೆ ಸಿಲ್ಮರಿಲಿಯನ್ ಅವರ ಕೈಯಿಂದಲೇ ಮುಗಿದಿರೋದು, ಮಾಮ” ಎಂದು ಅವಳು. ಅವಳ ದನಿಯಲ್ಲಿ ಆ ನಷ್ಟ ನಿನ್ನೆ ಆದದ್ದರಂತಿತ್ತು.

‘ಲಾರ್ಡ್ ಆಫ್ ದಿ ರಿಂಗ್ಸ್’ 1954-55ರಲ್ಲಿ ಹೊರಬಂದ ಮೇಲೆ ಓದುಗರು ಆ ಹಳೆಯ ಯುಗಗಳ ಕಥೆ ಎಲ್ಲಿ ಎಂದು ಕಾಯತೊಡಗಿದರು. 1966ರ ಬೇಸಿಗೆಯಲ್ಲಿ ಕ್ಲೈಡ್ ಕಿಲ್ಬಿ ಎಂಬ ಅಮೆರಿಕದ ಪ್ರಾಧ್ಯಾಪಕರಂತೂ, ನಿಮಗೆ ಸಹಾಯ ಮಾಡುತ್ತೇನೆ, ಮುಗಿಸಿ ಎಂದು ಆಕ್ಸ್‌ಫರ್ಡಿಗೇ ಬಂದು ಹಸ್ತಪ್ರತಿ ಓದುತ್ತ ಕೂತರು. ಬೇಸಿಗೆ ಮುಗಿಯಿತು, ಪುಸ್ತಕ ಮುಗಿಯಲಿಲ್ಲ. ಮುಗಿಸುವ ಹೊರೆ ಮಗನ ಪಾಲಿಗೆ ಬಂತು. ಅವರಿಗೆ ನೆರವಾದದ್ದು ಗೈ ಗೆವ್ರಿಯಲ್ ಕೇ ಎಂಬ ಕೆನಡಾದ ತರುಣ, ಮುಂದೆ ತಾನೇ ಹೆಸರಾಂತ ಫ್ಯಾಂಟಸಿ ಕಾದಂಬರಿಕಾರನಾದವನು.

1977ರಲ್ಲಿ ಪುಸ್ತಕ ಬಂದಾಗ ಎರಡು ಸಂಗತಿ ಒಟ್ಟಿಗೆ ಆದವು. ಹಲವು ವಿಮರ್ಶಕರು ಸುಸ್ತಾದರು: ಹೆಸರುಗಳು ವಿಪರೀತ, ಭಾಷೆ ಬೈಬಲ್ಲಿನ ಹಾಗೆ, ನಗುವಿಲ್ಲ, ಹಾಬಿಟ್‌ಗಳಿಲ್ಲ. ಅದೇ ಅಕ್ಟೋಬರ್‌ನಲ್ಲಿ ಅದು ‘ನ್ಯೂಯಾರ್ಕ್ ಟೈಮ್ಸ್’ನ ಮಾರಾಟಪಟ್ಟಿಯ ತುದಿಗೇರಿತು. ಕೊಂಡವರೆಲ್ಲ ಓದಿದರೆಂದು ನಾನಂತೂ ನಂಬುವುದಿಲ್ಲ. ಜಗತ್ತಿನ ಎಷ್ಟೋ ಕಪಾಟುಗಳಲ್ಲಿ ಅದರ ಮೊದಲ ಇಪ್ಪತ್ತು ಪುಟ ಮಾತ್ರ ಮಾಸಿರಬೇಕು. ಆದರೆ ಆ ಇಪ್ಪತ್ತು ಪುಟ ದಾಟಿದವರು ಎಂಥವರೆಂದರೆ, ಅವರಿಗಾಗಿ ಕ್ರಿಸ್ಟೋಫರ್ ತಂದೆಯ ಕರಡುಗಳನ್ನೆಲ್ಲ ಸಂಪಾದಿಸಿ 1983ರಿಂದ 1996ರವರೆಗೆ ಹನ್ನೆರಡು ಸಂಪುಟ ತಂದರು, ಅವೂ ಖರ್ಚಾದವು.

ಭಾನುವಾರ ಬೆಳಗ್ಗೆ ಕಿಡ್ಲಿಂಗ್ಟನ್ ಕಡೆಯ ಬಸ್ಸು ಹಿಡಿದು ಬ್ಯಾನ್‌ಬರಿ ರಸ್ತೆಯಲ್ಲಿ ಇಳಿದೆವು. ವುಲ್ವರ್‌ಕೋಟ್ ಸ್ಮಶಾನ ರಸ್ತೆಯ ಪಕ್ಕಕ್ಕೇ ಇದೆ, ವಾಹನಗಳ ಸದ್ದು ಒಳಗಿನವರೆಗೂ ಬರುತ್ತದೆ. ಕ್ಯಾಥೊಲಿಕರಿಗೊಂದು, ಯೆಹೂದಿಗಳಿಗೊಂದು, ಮುಸ್ಲಿಮರಿಗೊಂದು ಎಂದು ಒಳಗೆ ಬೇರೆ ಬೇರೆ ಭಾಗಗಳು. ತತ್ತ್ವಜ್ಞಾನಿ ಐಸಾಯಾ ಬರ್ಲಿನ್ ಇಲ್ಲೇ ಮಲಗಿದ್ದಾರೆ. ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನ ಜೇಮ್ಸ್ ಮರ್ರೆ ಕೂಡ ಇಲ್ಲೇ. ಟೋಲ್ಕೀನ್ ಯುದ್ಧದಿಂದ ಬಂದ ಮೇಲೆ, 1919-20ರಲ್ಲಿ, ಕೆಲಸ ಮಾಡಿದ್ದು ಅದೇ ನಿಘಂಟಿನಲ್ಲಿ, ಡಬ್ಲ್ಯು ಅಕ್ಷರದ ಪದಗಳ ಮೇಲೆ. ಗೊಂಡೊಲಿನ್ನನ್ನು ಕಾಲೇಜಿನಲ್ಲಿ ಓದಿ ಹೇಳಿದ ಆ ದಿನಗಳಲ್ಲಿ ಹಗಲೆಲ್ಲ ಮನುಷ್ಯ ಮಾಡುತ್ತಿದ್ದ ಕೆಲಸ ವಾಲ್‌ನಟ್, ವಾಲ್ರಸ್ ಇತ್ಯಾದಿಗಳ ಮೂಲ ಹುಡುಕುವುದು!

ಬಾಗಿಲಿನಿಂದಲೇ ಟೋಲ್ಕೀನ್ ಸಮಾಧಿಗೆ ದಾರಿ ತೋರುವ ಪುಟ್ಟ ಫಲಕಗಳಿವೆ. ಆ ದಿನ ಅವುಗಳ ಅಗತ್ಯವಿರಲಿಲ್ಲ, ಜನವೇ ದಾರಿ. ಉದ್ದ ನಿಲುವಂಗಿ ತೊಟ್ಟವರು, ಸಾದಾ ರೇನ್‌ಕೋಟಿನವರು, ಊರುಗೋಲಿನ ಅಜ್ಜಂದಿರು, ಅಪ್ಪನ ಹೆಗಲೇರಿದ ಮಗು. ಹೂಹಾರ ಇಟ್ಟರು. ಕೆಲವು ಮಾತುಗಳಾದವು. ಆಮೇಲೆ ಟೋಲ್ಕೀನ್ ಕಟ್ಟಿದ ಕ್ವೆನ್ಯಾ ಭಾಷೆಯಲ್ಲಿ ‘ನಮಾರಿಯೆ’ ಎಂಬ ವಿದಾಯದ ಪದ್ಯ ಕೇಳಿಬಂತು. ಭೂಮಿಯ ಮೇಲೆ ಯಾರ ಮನೆಮಾತೂ ಅಲ್ಲದ ಭಾಷೆ. ಅದನ್ನು ಬಾಯಲ್ಲೇ ಗುನುಗುತ್ತಿದ್ದವರು ನನ್ನ ಸುತ್ತಲೂ ಇದ್ದರು. ನನ್ನ ಸೊಸೆಯ ತುಟಿಗಳೂ ಆಡುತ್ತಿದ್ದವು. ಈ ಹುಡುಗಿಗೆ ಬಾಲ್ಯದಲ್ಲಿ ‘ಸೋಮೇಶ್ವರ ಶತಕ’ದ ಒಂದು ಪದ್ಯ ಬಾಯಿಪಾಠ ಮಾಡಿಸಲು ನಮ್ಮಪ್ಪ ಪಟ್ಟ ಪಾಡು ನನಗೆ ಗೊತ್ತು. ಬಿಟ್ಟ ಬಾಯಿ ಬಿಟ್ಟಂತೆ ನೋಡಿದೆ.

ಜನ ಸರಿದ ಮೇಲೆ ಕಲ್ಲಿನ ಹತ್ತಿರ ಹೋದೆ. ಬೂದುಬಣ್ಣದ ಕಾರ್ನಿಷ್ ಗ್ರಾನೈಟ್. ಮೇಲೆ ಎಡಿತ್ ಮೇರಿ ಟೋಲ್ಕೀನ್, ಕೆಳಗೆ ‘ಲೂಥಿಯನ್’, 1889-1971. ಅದರ ಕೆಳಗೆ ಜಾನ್ ರೊನಾಲ್ಡ್ ರೂಯೆಲ್ ಟೋಲ್ಕೀನ್, ‘ಬೆರೆನ್’, 1892-1973. ಇಬ್ಬರೂ ಅನಾಥರು, ಬರ್ಮಿಂಗ್‌ಹ್ಯಾಮಿನ ಬಾಡಿಗೆ ಮನೆಯೊಂದರಲ್ಲಿ ಹದಿಹರೆಯದಲ್ಲಿ ಕಂಡುಕೊಂಡವರು. ಇಪ್ಪತ್ತೊಂದು ತುಂಬುವವರೆಗೆ ಅವಳ ಜೊತೆ ಮಾತು ಕೂಡದೆಂದು ಪೋಷಕರಾಗಿದ್ದ ಪಾದ್ರಿ ಕಟ್ಟಪ್ಪಣೆ ಮಾಡಿದ್ದರು. 1916ರಲ್ಲಿ ಮದುವೆ, ಕೆಲವೇ ತಿಂಗಳಲ್ಲಿ ಯುದ್ಧ. ಮರುವರ್ಷ ಯಾರ್ಕ್‌ಷೈರಿನ ರೂಸ್ ಎಂಬ ಹಳ್ಳಿಯ ಹತ್ತಿರ, ಬಿಳಿ ಹೂಬಿಟ್ಟ ಗಿಡಗಳ ನಡುವೆ ಎಡಿತ್ ಅವರಿಗಾಗಿ ಕುಣಿದರು. ಬೆರೆನ್ ಕಾಡಿನಲ್ಲಿ ಮೊದಲ ಬಾರಿಗೆ ಕಾಣುವ ಲೂಥಿಯನ್ ಕುಣಿಯುತ್ತಲೇ ಇರುತ್ತಾಳೆ.

ಕಲ್ಲಿನ ಮೇಲಿನ ಇಸವಿಗಳನ್ನು ನೋಡುತ್ತಿದ್ದಂತೆ ಒಂದು ಲೆಕ್ಕ ತಲೆಯಲ್ಲಿ ಹರಿದು ನಾನು ಅಲ್ಲಾಡದೆ ನಿಂತೆ. ಎಡಿತ್ ಹೆಸರಿನ ಕೆಳಗೆ ಲೂಥಿಯನ್ ಎಂದು ಬರೆಸಬೇಕೆಂದು ಟೋಲ್ಕೀನ್ ಮಗನಿಗೆ ಪತ್ರ ಬರೆದದ್ದು 1972ರಲ್ಲಿ. ಸಿಲ್ಮರಿಲಿಯನ್ ಅಚ್ಚಾದದ್ದು 1977ರಲ್ಲಿ. ಅಂದರೆ ಆ ನಡುವಿನ ವರ್ಷಗಳಲ್ಲಿ ಇಲ್ಲಿಗೆ ಬಂದು ನಿಂತವರಿಗೆ ಆ ಎರಡು ಹೆಸರುಗಳ ಪೂರ್ತಿ ಕಥೆ ಓದಲು ಪುಸ್ತಕವೇ ಇರಲಿಲ್ಲ. ‘ಲಾರ್ಡ್ ಆಫ್ ದಿ ರಿಂಗ್ಸ್’ನ ಒಂದು ಹಾಡು, ಒಂದಿಷ್ಟು ಅನುಬಂಧ, ಅಷ್ಟೇ ಸುಳಿವು. ಪುಸ್ತಕಕ್ಕಿಂತ ಮೊದಲು ಸಮಾಧಿಕಲ್ಲು ಪ್ರಕಟವಾಗಿತ್ತು! ಆ ದೊಡ್ಡ ಗ್ರಂಥದ ಮೊದಲ ಸಾರ್ವಜನಿಕ ಪುಟ ಈ ಗ್ರಾನೈಟ್ ಎಂದರೆ ತಪ್ಪಾಗದು. ಜಗತ್ತಿನ ಇನ್ಯಾವ ಕಾದಂಬರಿಗೂ ಹೀಗೆ ಆದದ್ದನ್ನು ನಾನು ಕೇಳಿಲ್ಲ.

ಸಮಾಧಿಯ ಮೇಲೆ ಗುಲಾಬಿ ಮತ್ತಿತರ ಗಿಡಗಳ ಪುಟ್ಟ ತೋಟವೇ ಇದೆ. ಗಿಡಗಳ ಬುಡದಲ್ಲಿ ಬೇರೆ ಬೇರೆ ದೇಶದ ನಾಣ್ಯಗಳು, ಅಗ್ಗದ ಉಂಗುರಗಳು, ಜಪಮಾಲೆ, ಮಡಿಸಿಟ್ಟ ಚೀಟಿಗಳು. ಚೀಟಿ ಬಿಚ್ಚಿ ಓದುವುದು ಸರಿಯಲ್ಲ, ಓದಲಿಲ್ಲ. ಮಳೆಗೆ ಶಾಯಿ ಕದಡಿ ನೀಲಿಯಾಗಿದ್ದ ಒಂದರ ಮೇಲೆ ಮಾತ್ರ ಕಾಣುವಂತೆ ಯಾವುದೋ ಲಿಪಿ. ನೋಡಿದರೆ ಅದೂ ಟೋಲ್ಕೀನ್ ಕಟ್ಟಿದ ಲಿಪಿಯೇ ಎಂದಳು ಸೊಸೆ.

ಓದುಗರನ್ನು ನೋಡಲು ಬಂದವನಿಗೆ ಅವರ ಮಾತು ಕೇಳದೆ ಸಮಾಧಾನವೆಲ್ಲಿ? ಹುಲ್ಲಿನ ಅಂಚಿನಲ್ಲಿ ಕೆಲವರು ಫ್ಲಾಸ್ಕಿನಿಂದ ಕಾಫಿ ಬಗ್ಗಿಸುತ್ತ ನಿಂತಿದ್ದರು, ನಾವೂ ಸೇರಿಕೊಂಡೆವು. ಜರ್ಮನಿಯಿಂದ ಬಂದ ದಪ್ಪ ಮೀಸೆಯ ಮನುಷ್ಯನ ಟೀಶರ್ಟಿನ ಮೇಲೆ ‘ಬ್ಲೈಂಡ್ ಗಾರ್ಡಿಯನ್’ ಎಂದಿತ್ತು. ಅದು ಅವರ ದೇಶದ ಮೆಟಲ್ ವಾದ್ಯವೃಂದ; 1998ರಲ್ಲಿ ಇಡೀ ಒಂದು ಆಲ್ಬಮ್ಮನ್ನು ಸಿಲ್ಮರಿಲಿಯನ್ ಕಥೆಗಳಿಗೇ ಮೀಸಲಿಟ್ಟರು. ಈತ ಮೊದಲು ಹಾಡು ಕೇಳಿ, ಇವರು ಯಾರ ಮೇಲೆ ಇಷ್ಟು ಕಿರುಚುತ್ತಿದ್ದಾರೆ ಎಂದು ಹುಡುಕಿಕೊಂಡು ಪುಸ್ತಕಕ್ಕೆ ಬಂದವನಂತೆ. ಫಿಂಗೋಲ್ಫಿನ್ ಕೋಟೆಬಾಗಿಲು ಬಡಿಯುವ ಹಾಡನ್ನು ಸ್ಮಶಾನವೆಂಬುದನ್ನೂ ಮರೆತು ಅರ್ಧ ಹಾಡಿಯೇಬಿಟ್ಟ. ಪೋಲೆಂಡಿನ ತರುಣಿಯೊಬ್ಬಳು ತೋಳಿನ ಮೇಲೆ ಟೂರಿನ್ನನ ಕಪ್ಪು ಕತ್ತಿಯ ಹಚ್ಚೆ ಹಾಕಿಸಿಕೊಂಡಿದ್ದಳು. ಅಂಥ ನತದೃಷ್ಟನ ಕತ್ತಿ ಯಾಕಮ್ಮಾ ಎಂದೆ. ಎಲ್ಲ ತಪ್ಪುಗಳನ್ನೂ ಅವನೇ ನನ್ನ ಪರವಾಗಿ ಮಾಡಿ ಮುಗಿಸಿದ್ದಾನೆ ಎಂದಳು.

ಎಲ್ಲರಿಗಿಂತ ನನಗೆ ಹಿಡಿಸಿದವರು ಬಿಳಿಗೂದಲಿನ ಒಬ್ಬ ಇಂಗ್ಲಿಷ್ ಹೆಂಗಸು. 1977ರಲ್ಲಿ ಪುಸ್ತಕ ಬಂದ ವಾರವೇ ಕೊಂಡವರು. “ನನಗದು ಇಷ್ಟವಾಗಲಿಲ್ಲ. ಇವತ್ತಿಗೂ ಇಷ್ಟವಿಲ್ಲ” ಎಂದರು ಖಡಾಖಂಡಿತವಾಗಿ. ಮಾತುಕತೆಗಳಿಗಿಂತ ವರದಿಯೇ ಹೆಚ್ಚು, ಹೆಂಗಸರು ಸಾಲದು, ನಗು ಇಲ್ಲವೇ ಇಲ್ಲ. ದೂರುಗಳ ಪಟ್ಟಿ ಉದ್ದಕ್ಕಿತ್ತು, ಒಂದೊಂದಕ್ಕೂ ಅಧ್ಯಾಯದ ಹೆಸರು ಸಮೇತ ಸಾಕ್ಷ್ಯ. ಹಾಗಾದರೆ ಎಷ್ಟು ಸಲ ಓದಿದ್ದೀರಿ ಎಂದು ಕೇಳಿದ್ದಕ್ಕೆ, ಲೆಕ್ಕ ಇಟ್ಟಿಲ್ಲ ಎಂದರು. ಮತ್ತೆ ಮತ್ತೆ ಓದುವುದು ಯಾಕೆ? “ಸರಿಯಾಗಿ ಜಗಳ ಆಡಬೇಕಲ್ಲ!” ಅಂಥ ಮುಖ ನಮ್ಮ ಊರಿನ ತಾಳಮದ್ದಲೆಯ ಸಭೆಯಲ್ಲಿ ಮುಂದಿನ ಸಾಲಿನಲ್ಲಿ ಕೂತು, ಅರ್ಥಧಾರಿಯನ್ನು ಇಡೀ ರಾತ್ರಿ ಗೊಣಗುತ್ತಲೇ ಕೇಳುವವರದ್ದು.

ಅಮೆರಿಕದ ಮಿಲ್‌ವಾಕಿಯಲ್ಲಿರುವ ಮಾರ್ಕೆಟ್ ವಿಶ್ವವಿದ್ಯಾಲಯ ಇಂಥವರ ದನಿಗಳನ್ನು ಕೂಡಿಡುತ್ತಿದೆ ಎಂದು ತಿಳಿದದ್ದು ಆ ಕಾಫಿ ಗುಂಪಿನಲ್ಲೇ. 1957ರಲ್ಲಿ ಟೋಲ್ಕೀನ್ ಅವರಿಂದಲೇ ‘ಹಾಬಿಟ್’, ‘ಲಾರ್ಡ್ ಆಫ್ ದಿ ರಿಂಗ್ಸ್’ ಹಸ್ತಪ್ರತಿಗಳನ್ನು ಕೊಂಡ ವಿಶ್ವವಿದ್ಯಾಲಯ ಅದು. 2017ರಿಂದ ಅಲ್ಲಿ ಓದುಗರ ಸಂದರ್ಶನಗಳನ್ನು ಧ್ವನಿಮುದ್ರಿಸಿ ಇಡುತ್ತಿದ್ದಾರೆ. ಮೂರು ಪ್ರಶ್ನೆ, ಹೆಚ್ಚೆಂದರೆ ಮೂರು ನಿಮಿಷ: ಟೋಲ್ಕೀನ್ ಮೊದಲು ಕೈಗೆ ಸಿಕ್ಕಿದ್ದು ಯಾವಾಗ, ಅಭಿಮಾನಿ ಆದದ್ದು ಯಾಕೆ, ಅವರಿಂದ ನಿಮಗೇನಾಯಿತು. ಒಟ್ಟು 6,000 ದನಿಗಳ ಗುರಿ. ಅದೇ ಸಂಖ್ಯೆ ಏಕೆ ಅಂದರೆ, ‘ಲಾರ್ಡ್ ಆಫ್ ದಿ ರಿಂಗ್ಸ್’ ಕಥೆಯಲ್ಲಿ ರೋಹನ್ ನಾಡಿನ ರಾಜ ಗೊಂಡೋರ್ ನಾಡಿನ ನೆರವಿಗೆ ಕರೆತಂದ ಕುದುರೆ ಸವಾರರು ಅಷ್ಟು ಜನ. ದಾಖಲೆಗಾರರಿಗೂ ಈ ಹುಚ್ಚು ಹತ್ತಿದೆ ಅನ್ನಲು ಬೇರೆ ಪುರಾವೆ ಬೇಕಿಲ್ಲ. ಬಿಳಿಗೂದಲಿನ ಆಕೆಗೆ ಮೂರು ನಿಮಿಷ ಎಲ್ಲಿ ಸಾಕಾಗುತ್ತದೆ ಎಂದು ಎಲ್ಲರೂ ನಕ್ಕರು, ಅವರೂ ನಕ್ಕರು.

ವಾಪಸ್ ಬಸ್ಸಿನಲ್ಲಿ ಜರ್ಮನಿಯವನು, ಬಿಳಿಗೂದಲಿನವರು, ನಾವಿಬ್ಬರು ಮಹಡಿಯ ಮುಂದಿನ ಸೀಟುಗಳಲ್ಲಿ. ಜಗಳ ಹತ್ತಿಕೊಂಡದ್ದು ಫೆಯನೋರ್ ಬಗ್ಗೆ. ಬೆಳಕಿನ ಮರಗಳು ಸಾಯುತ್ತಿವೆ, ರತ್ನ ಒಡೆದರೆ ಅದರೊಳಗಿನ ಬೆಳಕಿನಿಂದ ಬದುಕಿಸಬಹುದು, ಕೊಡು ಎಂದು ದೇವತೆಗಳು ಬೇಡುತ್ತಾರೆ. ಕೊಡೆನು ಎನ್ನುತ್ತಾನೆ. ಅಷ್ಟರಲ್ಲಾಗಲೇ ರತ್ನಗಳು ಕಳುವಾಗಿವೆ, ಅವನಿಗೆ ಗೊತ್ತಿಲ್ಲ. ಕೊಟ್ಟಿದ್ದರೂ ಉಪಯೋಗವಿರಲಿಲ್ಲ, ಹಾಗಾಗಿ ಅವನ ಮೇಲೆ ದೋಷ ಹೊರಿಸುವುದು ಅನ್ಯಾಯ ಎಂದು ಜರ್ಮನಿಯವನು. ಕೊಡುತ್ತೇನೆ ಅಂದಿದ್ದರೆ ರತ್ನ ಸಿಗುತ್ತಿರಲಿಲ್ಲ ಸರಿ, ಅವನು ಬೇರೆ ಮನುಷ್ಯನಾಗುತ್ತಿದ್ದ, ಮುಂದಿನ ಕೊಲೆಗಳು ತಪ್ಪುತ್ತಿದ್ದವು ಎಂದು ಸೊಸೆ. ಅವನ ಹೆಂಡತಿಯನ್ನು ಒಂದು ಮಾತು ಕೇಳಿದ್ದರೆ ಎಲ್ಲವೂ ತಪ್ಪುತ್ತಿತ್ತು ಎಂದು ಬಿಳಿಗೂದಲಿನವರು.

ನಾನು ನಡುವೆ ಬಾಯಿ ಹಾಕಿ, ನಮ್ಮಲ್ಲೂ ಹೀಗೆ ಕೊಡೆನೆಂದವನೊಬ್ಬನಿದ್ದ, ಸೂಜಿಯ ಮೊನೆಯಷ್ಟು ನೆಲವನ್ನೂ ಬಿಡಲಿಲ್ಲ, ಆದರೆ ಸಾವಿರ ವರ್ಷದ ಹಿಂದೆ ನಮ್ಮ ಭಾಷೆಯ ಕವಿಯೊಬ್ಬ ಅವನನ್ನು ಹೆಣಗಳ ನಡುವೆ ನಡೆಸಿಕೊಂಡು ಹೋಗಿ ಓದುಗರನ್ನೇ ಅವನ ಕಡೆ ತಿರುಗಿಸಿಬಿಟ್ಟ ಎಂದೆ. ಮೂವರೂ ನನ್ನ ಕಡೆ ತಿರುಗಿದರು.

“ಯಾವ ಕವಿ? ಇಂಗ್ಲಿಷಿನಲ್ಲಿ ಸಿಗುತ್ತದೆಯೇ? ವಂಶವೃಕ್ಷ ಇದೆಯೇ?” ಬಿಳಿಗೂದಲಿನವರು ಚೀಲದಿಂದ ಪೆನ್ನು ತೆಗೆದಾಗಿತ್ತು.

“ಮಾಮ, ನಮ್ಮ ಸ್ಟಾಪ್ ಹೋಯ್ತು” ಎಂದಳು ಸೊಸೆ.

“ಹೋಗಲಿ ಬಿಡು” ಎಂದು ನಾನು ಶಂತನುವಿನಿಂದ ಶುರುಮಾಡಿದೆ.